ನೂರಾರನೇ ರೂಮಿನ ಲೆಕ್ಕಕ್ಕೆ ಒಂದು ಕಷಾಯ

ಹೋಟೆಲಿನ ಬಿಲ್ಲನ್ನು ಝೆರಾಕ್ಸ್ ಮಾಡಿಸಿ ಇಟ್ಟುಕೊಂಡವರು ತೀರ್ಥಹಳ್ಳಿ ತಾಲ್ಲೂಕಿನಲ್ಲಿ ನಾನೊಬ್ಬಳೇ ಇರಬೇಕು. ಈಗಿನ ಬಿಲ್ಲಿನ ಕಾಗದ ನಿಮಗೂ ಗೊತ್ತಲ್ಲ, ನುಣ್ಣಗಿರುತ್ತದೆ. ನಾಲ್ಕು ತಿಂಗಳು ಪರ್ಸಿನಲ್ಲಿದ್ದರೆ ಅಕ್ಷರವೆಲ್ಲ ಮಾಸಿ ಬರೀ ಬಿಳಿ ಚೀಟಿ ಉಳಿಯುತ್ತದೆ. ಹಾಗಾಗಬಾರದು ಅಂತ ಬಸ್‌ಸ್ಟ್ಯಾಂಡ್ ಹತ್ತಿರದ ಅಂಗಡಿಗೆ ಹೋಗಿ ಪ್ರತಿ ತೆಗೆಸಿದೆ. ಅಂಗಡಿಯಾಕೆ "ಆಫೀಸಿಗೆ ಕೊಡೋಕಾ ಆಂಟಿ?" ಅಂದಳು. ಹೂಂ ಅಂದೆ. ಅಲ್ಲ ಅಂದಿದ್ದರೆ ಮತ್ಯಾಕೆ ಅಂತ ಹೇಳಬೇಕಾಗುತ್ತಿತ್ತು. ಅದು ಅಂಗಡಿ ಕಟ್ಟೆಯಲ್ಲಿ ನಿಂತು ಹೇಳಿ ಮುಗಿಸುವ ವಿಷಯವಲ್ಲ.

ನನಗೆ ಬರೆದಿಡುವ ಚಾಳಿ ಇದೆ. ಗ್ಯಾಸ್ ಸಿಲಿಂಡರ್ ಬದಲಿಸಿದ ದಿನ, ಕರಿಬೇವಿನ ಗಿಡಕ್ಕೆ ಹುಳಿಮಜ್ಜಿಗೆ ಹಾಕಿದ ದಿನ, ಪಕ್ಕದ ಮನೆಗೆ ಹೋದ ಸ್ಟೀಲ್ ಡಬ್ಬಿ ಇನ್ನೂ ವಾಪಸ್ಸು ಬಂದಿಲ್ಲ ಅನ್ನುವುದು, ಎಲ್ಲವೂ ಅಡುಗೆಮನೆ ಕ್ಯಾಲೆಂಡರಿನ ಚೌಕಗಳಲ್ಲಿ ಇರುವೆಯ ಸಾಲಿನ ಹಾಗೆ ಇರುತ್ತದೆ. ನಮ್ಮನೆಯವರು ನಿವೃತ್ತ ಗಣಿತದ ಮೇಷ್ಟ್ರು. "ನಾನು ಅಷ್ಟು ವರ್ಷ ಶಾಲೇಲಿ ಬೋರ್ಡ್ ಮೇಲೆ ಬರೆದಿದ್ದಕ್ಕಿಂತ ನೀನು ಈ ಗೋಡೆ ಮೇಲೆ ಬರೆದಿದ್ದೇ ಜಾಸ್ತಿ" ಅನ್ನುತ್ತಾರೆ. ಇಷ್ಟೆಲ್ಲ ಬರೆಯುವವಳಿಗೆ ಬೇರೆಯವರು ಬರೆದುಕೊಟ್ಟ ಒಂದು ಬಿಲ್ಲು ಕಂಡರೆ ಮಾತ್ರ ಎದೆ ಢವಢವ ಅನ್ನುತ್ತದೆ.

ಅದು ಹುಟ್ಟಿದಾಗಿನಿಂದ ಇದ್ದದ್ದಲ್ಲ, ಏಳನೆಯ ವರ್ಷಕ್ಕೆ ಬಂದದ್ದು. ಅಪ್ಪ ಕವಲೇದುರ್ಗದ ಕೆಳಗಿನ ಊರಿನಲ್ಲಿ ದೇವಸ್ಥಾನದ ಪೂಜೆ ಮಾಡುತ್ತಿದ್ದರು. ಕರ್ಪೂರ, ಊದಿನಕಡ್ಡಿ ತರಲು ತೀರ್ಥಹಳ್ಳಿಗೆ ಹೋಗುವಾಗ ಒಮ್ಮೊಮ್ಮೆ ಅಕ್ಕನನ್ನೂ ನನ್ನನ್ನೂ ಕರೆದುಕೊಂಡು ಹೋಗುತ್ತಿದ್ದರು. ಕೆಲಸವೆಲ್ಲ ಆದ ಮೇಲೆ ಹೋಟೆಲು. ಮೂರು ಜನಕ್ಕೆ ಒಂದು ಮಸಾಲೆ ದೋಸೆ, ಎರಡು ಖಾಲಿ ತಟ್ಟೆ. ದೋಸೆಯ ಗರಿಗರಿ ತುದಿ ಅಕ್ಕನಿಗೆ, ಪಲ್ಯ ಇರುವ ಹೊಟ್ಟೆಯ ಭಾಗ ನನಗೆ, ಚಟ್ನಿ ಅಪ್ಪನಿಗೆ. ಆಗೆಲ್ಲ ಚೀಟಿ ಇರಲಿಲ್ಲ. ಸಪ್ಲೈಯರು ಬಾಗಿಲ ಬಳಿ ಕೂತ ಯಜಮಾನರಿಗೆ ನಮ್ಮ ತಲೆಯ ಮೇಲಿಂದಲೇ ಕೂಗುತ್ತಿದ್ದ: "ಪಂಚೆಯವರದ್ದು, ಮಕ್ಕಳು ಎರಡು, ಅರವತ್ತು ಪೈಸೆ!" ಇಡೀ ಹೋಟೆಲಿಗೆ ನಮ್ಮ ಹೊಟ್ಟೆಯ ಸಮಾಚಾರ ಗೊತ್ತಾಗುತ್ತಿತ್ತು. ಒಂದು ಸಲ ಅವನು ಪಕ್ಕದ ಮೇಜಿನ ಮೊತ್ತವನ್ನು ನಮ್ಮ ತಲೆಗೆ ಕೂಗಿದ. ಅಪ್ಪ ಬಾಯಿ ತೆರೆದರು, ಮುಚ್ಚಿದರು, ಸೊಂಟದಿಂದ ಚೀಲ ಬಿಚ್ಚಿ ಎಣಿಸಿ ಕೊಟ್ಟು ಹೊರಗೆ ಬಂದರು. ಬಸ್ಸಿಗೆ ಉಳಿದಿರಲಿಲ್ಲ. ಕಂಡಕ್ಟರು "ಅದಕ್ಕೇನು ಭಟ್ರೇ, ನಾಳೆ ಕೊಡಿ, ಹತ್ತಿ" ಅಂದ. ಅಂದಿನಿಂದ ನನಗೆ ಹೋಟೆಲೆಂದರೆ ಹೆದರಿಕೆ, ಕಂಡಕ್ಟರೆಂದರೆ ಅಪಾರ ನಂಬಿಕೆ.

ಆ ನಂಬಿಕೆಯೇ ನನ್ನನ್ನು ಕೆಡಿಸಿದ್ದು.

ನಮ್ಮ ಕಡೆ ಕಂಡಕ್ಟರ ಕೈಯಲ್ಲಿ ಕಳಿಸದ ವಸ್ತುವಿಲ್ಲ. ಮಾತ್ರೆ, ಕನ್ನಡಕ, ಹಲಸಿನ ಹಣ್ಣು, ಮರೆತುಹೋದ ಬೀಗದ ಕೈ, ಒಮ್ಮೆ ಒಂದು ಬೆಕ್ಕಿನ ಮರಿ. ಏಳು ವರ್ಷದ ಹಿಂದೆ ನಮ್ಮ ಮಗಳ ಮದುವೆ ಹನ್ನೆರಡು ದಿನದ ಅವಧಿಯಲ್ಲಿ ನಿಶ್ಚಯವಾಯಿತು. ಊರೂರು ಸುತ್ತಿ ಮನೆಮನೆಗೂ ಹೋಗಿ, ಕುಂಕುಮ ಹಚ್ಚಿ, ಎಲೆ ಅಡಿಕೆ ಇಟ್ಟು ಕರೆದು ಬಂದೆವು. ಹೊಸನಗರದಲ್ಲಿರುವ ಅಕ್ಕನ ಮನೆಗೆ ಹೋಗಲು ಮಾತ್ರ ದಿನ ಸಾಲಲಿಲ್ಲ. ಅಕ್ಕ ಹೊರಗಿನವಳೇ? ಒಂದೇ ದೋಸೆ ಹರಿದು ತಿಂದವರು ನಾವು. ಕರೆಯೋಲೆಯ ಜೊತೆ ಕುಂಕುಮದ ಪೊಟ್ಟಣ ಇಟ್ಟು ಹೊಸನಗರದ ಬಸ್ಸಿನ ಕಂಡಕ್ಟರ ಕೈಯಲ್ಲಿ ಕೊಟ್ಟು, ಅಕ್ಕನಿಗೆ ಫೋನು ಮಾಡಿ "ಬಸ್‌ಸ್ಟ್ಯಾಂಡಿಗೆ ಯಾರನ್ನಾದ್ರೂ ಕಳ್ಸಿ ಇಸ್ಕೊ" ಅಂದೆ. ಈಗ ಬರೆಯುವಾಗಲೂ ಕಿವಿ ಬಿಸಿಯಾಗುತ್ತದೆ.

ಮದುವೆಯ ದಿನ ಅಕ್ಕ ಎಲ್ಲರಿಗಿಂತ ಮುಂಚೆ ಬಂದಳು. ಮಗಳಿಗೆ ಸೀರೆ ಕೊಟ್ಟಳು, ಮುಹೂರ್ತಕ್ಕೆ ಅಕ್ಷತೆ ಹಾಕಿದಳು, ಪಾನಕದ ತಟ್ಟೆ ಅವಳ ಸಾಲಿಗೆ ಬರುವ ಹೊತ್ತಿಗೆ ಎದ್ದಳು. ಛತ್ರದ ಬಾಗಿಲಲ್ಲಿ ಹಿಡಿದುಕೊಂಡೆ. "ಕಂಡಕ್ಟ್ರು ಕರೆದ, ಬಂದೆ," ಅಂದಳು. "ನಿನ್ನ ಮಗಳಿಗೆ ನನ್ನ ಆಶೀರ್ವಾದ ಇದೆ. ನಿನ್ನ ನೀರು ಮಾತ್ರ ಇನ್ನು ನನ್ನ ಗಂಟಲಲ್ಲಿ ಇಳಿಯೋದಿಲ್ಲ ಕುಸುಮಾ."

ಜಗಳ ಅನ್ನುವ ಹಾಗೂ ಇಲ್ಲ ನೋಡಿ. ನಾನು ತಪ್ಪಾಯಿತು ಅನ್ನಲು ಹೊಸನಗರಕ್ಕೆ ಹೋದೆ. ಕೂರಿಸಿದಳು, ಹೊಟ್ಟೆ ಬಿರಿಯುವಷ್ಟು ಬಡಿಸಿದಳು, ಬರುವಾಗ ಮಿಡಿ ಉಪ್ಪಿನಕಾಯಿಯನ್ನೂ ಕಟ್ಟಿಕೊಟ್ಟಳು. ಕೊಡುವುದಕ್ಕೆ ಅವಳದ್ದೇನೂ ಅಡ್ಡಿಯಿಲ್ಲ, ತೆಗೆದುಕೊಳ್ಳುವುದಿಲ್ಲ ಅಷ್ಟೇ. ನಮ್ಮ ಅತ್ತೆ ತೀರಿಕೊಂಡಾಗ ಮನೆಗೆ ಬಂದಳು, ನನ್ನ ಬೆನ್ನು ಸವರಿದಳು. ನಾನು ಲೋಟದಲ್ಲಿ ನೀರು ತಂದೆ. ಅವಳು ಬ್ಯಾಗಿನಿಂದ ತನ್ನ ಸ್ಟೀಲ್ ಬಾಟಲಿ ತೆಗೆದು, ನಮ್ಮ ಕುರ್ಚಿಯಲ್ಲಿ ನಮ್ಮ ಫ್ಯಾನಿನ ಕೆಳಗೆ ಕೂತು, ಹೊಸನಗರದ ನೀರು ಕುಡಿದಳು. ಆ ಬಾಟಲಿಯ ಮುಚ್ಚಳ ತಿರುಗುವಾಗಿನ ಕಿರ್ ಸದ್ದು ಇನ್ನೂ ನನ್ನ ಕಿವಿಯಲ್ಲಿದೆ. ಅಕ್ಕನಿಗೀಗ ಅರವತ್ತಮೂರು. ಬಿ.ಪಿ. ಮಾತ್ರೆ ಶುರುವಾಗಿದೆ. ಈ ಛಲ ಇಳಿಯುವ ಮೊದಲೇ ನಮ್ಮಿಬ್ಬರಲ್ಲಿ ಒಬ್ಬರು ಹೋಗಿಬಿಟ್ಟರೆ ಅಂತ ಒಗ್ಗರಣೆ ಹಾಕುವಾಗ ಸುಮ್ಮಸುಮ್ಮನೆ ಯೋಚನೆ ಬರುತ್ತದೆ. ಸಾಸಿವೆ ಸೀದುಹೋಗುತ್ತದೆ.

ಈಗ ಬಿಲ್ಲಿಗೆ ಬರುತ್ತೇನೆ.

ಮೊನ್ನೆ ನಮ್ಮ ಮೈದುನನ ಮಗಳ ಮದುವೆ ಸಾಗರದಲ್ಲಿ. ಅವರ ಮನೆ ತುಂಬಿತ್ತು. ನಮ್ಮನೆಯವರ ಮಂಡಿಗೆ ಕುಕ್ಕರಗಾಲು ಆಗುವುದಿಲ್ಲ, ಬಿಡಿಸಿ ಹೇಳುವುದಾದರೆ ಪಾಯಿಖಾನೆ ಕುರ್ಚಿಯ ಥರದ್ದೇ ಬೇಕು. ಹಾಗಾಗಿ ನಾವೇ ಒಂದು ಲಾಡ್ಜು ಹಿಡಿದೆವು. ಹೊರಡುವ ಮೊದಲು ಅಕ್ಕನಿಗೆ ಮೆಸೇಜು ಹಾಕಿದೆ: ಎರಡು ದಿನ ಸಾಗರದಲ್ಲಿರುತ್ತೇವೆ, ಇಂಥ ಲಾಡ್ಜು, ರೂಮ್ ನಂಬರು ನೂರಾರು, ಬಂದರೆ ಸಂತೋಷ. ಹಾಕಿದ ಮೇಲೆ ಬುದ್ಧಿ ಬಂತು. ಮತ್ತೆ ಅದೇ ಕೆಲಸ ಮಾಡಿದೆನಲ್ಲ! ಆವತ್ತು ಕಂಡಕ್ಟರು, ಇವತ್ತು ವಾಟ್ಸಾಪು. ನೀಲಿ ಗೆರೆ ಎರಡು ಬಿತ್ತು, ಉತ್ತರ ಬರಲಿಲ್ಲ.

ಮದುವೆಯ ಬೆಳಿಗ್ಗೆ ಛತ್ರಕ್ಕೆ ಹೊರಟಾಗ ಕೌಂಟರಿನಲ್ಲಿ ಪ್ರಭಾಕರ ಅನ್ನುವವರಿದ್ದರು. ಕುಂದಾಪುರದ ಕಡೆಯವರು, ಸುಮಾರು ಐವತ್ತು, ಕನ್ನಡಕಕ್ಕೆ ದಾರ ಕಟ್ಟಿಕೊಂಡಿದ್ದರು. ಅವರಿಗೆ ಹೇಳಿದೆ: "ನಮ್ಮನ್ನ ಕೇಳ್ಕೊಂಡು ಯಾರಾದ್ರೂ ಬಂದ್ರೆ ಹಾಗೇ ಕಳ್ಸಬೇಡಿ. ಕೂರ್ಸಿ, ಆಸರಿಗೆ ಏನಾದ್ರೂ ಕೊಡಿ." ಇದು ನಮ್ಮ ಕಡೆಯ ಹೆಂಗಸರ ಬಾಯಿಗೆ ತಾನಾಗಿ ಬರುವ ಮಾತು. ಬಿಸಿಲಲ್ಲಿ ಬಂದವರಿಗೆ ಬಾಯಾರಿಕೆಗೆ ಏನು ಕೊಡಲಿ ಅಂತ ಕೇಳದೆ ಮಾತು ಶುರುಮಾಡುವ ಪದ್ಧತಿ ನಮ್ಮಲ್ಲಿಲ್ಲ. ಕರೆಂಟಿನ ಮೀಟರು ನೋಡಲು ಬಂದವರಿಗೂ ಕೇಳುತ್ತೇವೆ. ಅವರು ತಲೆಯಾಡಿಸಿ ಏನೋ ಬರೆದುಕೊಂಡರು. ನಾನು ಮನಸ್ಸಿನಲ್ಲಿ ಅಕ್ಕನನ್ನು ಇಟ್ಟುಕೊಂಡು ಹೇಳಿದ್ದು ಅವರಿಗೇನು ಗೊತ್ತು?

ಛತ್ರದಲ್ಲಿ ನಾನಿದ್ದೆ ಅಂತ ಫೋಟೋ ನೋಡಿದವರು ಹೇಳಬೇಕು, ನನಗಂತೂ ನೆನಪಿಲ್ಲ. ಕಣ್ಣೆಲ್ಲ ಫೋನಿನಲ್ಲಿ. ಬೀಗರನ್ನು ಬಿಟ್ಟು ಏಳುವ ಹಾಗಿಲ್ಲ, ಊಟದಲ್ಲಿ ಹೋಳಿಗೆಗೆ ತುಪ್ಪ ಬಡಿಸುವ ಕೆಲಸ ಬೇರೆ ನನ್ನದೇ. ನಾಲ್ಕು ಗಂಟೆಗೆ ಲಾಡ್ಜಿಗೆ ಬಂದರೆ ಕೌಂಟರಿನಲ್ಲಿ ಬೇರೆಯವರು. "ನಮ್ಮನ್ನ ಕೇಳ್ಕೊಂಡು ಯಾರಾದ್ರೂ..." ಅಂದೆ. "ನನ್ನ ಡ್ಯೂಟೀಲಿ ಯಾರೂ ಇಲ್ಲ ಮೇಡಂ" ಅಂದರು. ರೂಮಿಗೆ ಹೋಗಿ ಸೀರೆ ಮಡಿಸಿದೆ. ಮಡಿಸಿದ್ದನ್ನು ಬಿಚ್ಚಿ ಮತ್ತೆ ಮಡಿಸಿದೆ.

ಮರುದಿನ ಹೊರಡುವಾಗ ಪ್ರಭಾಕರರು ಬಿಲ್ಲು ಕೊಟ್ಟರು. ರೂಮಿನ ಬಾಡಿಗೆ ಸರಿ ಇತ್ತು. ಅದರ ಕೆಳಗೆ ಇಂಗ್ಲಿಷಿನಲ್ಲಿ ಎಫ್ ಅಂಡ್ ಬಿ, ಒಂಬೈನೂರ ಇಪ್ಪತ್ತನಾಲ್ಕು ರೂಪಾಯಿ. ಎದೆ ಢವಢವ ಶುರುವಾಯಿತು.

"ಇದೆಂಥದ್ರೀ?"

ನಮ್ಮನೆಯವರು ಕನ್ನಡಕ ಹಣೆಗೇರಿಸಿ ನೋಡಿದರು. "ಫ್ಯಾನ್ ಅಂಡ್ ಬಲ್ಬ್ ಇರ್ಬೇಕು ಕಣೆ. ನೀನು ಫ್ಯಾನ್ ಐದರಲ್ಲೇ ಇಟ್ಟಿದ್ದೆ."

"ಫುಡ್ಡು, ಬೆವರೇಜು ಸರ್," ಅಂದರು ಪ್ರಭಾಕರರು. "ತಿಂಡಿ, ಕಾಫಿ."

ನಾವು ಆ ಲಾಡ್ಜಿನಲ್ಲಿ ಒಂದು ಗುಟುಕು ಕಾಫಿ ಕುಡಿದಿರಲಿಲ್ಲ. ಬೆಳಗಿನ ಕಾಫಿಯಿಂದ ಹಿಡಿದು ಮೂರು ಹೊತ್ತೂ ಛತ್ರದಲ್ಲೇ. ಬೇರೆ ರೂಮಿನವರದ್ದನ್ನು ನಮಗೆ ಹಾಕಿದ್ದಾರೆ ಅಂತ ಖಾತ್ರಿಯಾಯಿತು. ಸಾಮಾನ್ಯವಾಗಿ ನಾನಾಗಿದ್ದರೆ ಅಪ್ಪನ ಹಾಗೆಯೇ ಬಾಯಿ ತೆರೆದು ಮುಚ್ಚಿ ಕೊಟ್ಟು ಬರುತ್ತಿದ್ದೆ. ಆವತ್ತು ಏನಾಯಿತೋ, ಬಿಲ್ಲನ್ನು ಕಟ್ಟೆಯ ಮೇಲೆ ಇಟ್ಟು "ಒಟ್ಟು ಬೇಡ, ಬಿಡಿಸಿ ಹೇಳಿ" ಅಂದೆ.

ಅವರು ಕಂಪ್ಯೂಟರು ನೋಡಿ ಓದಿದರು. ಕಾಫಿ ಹನ್ನೊಂದು. ಗೋಳಿಬಜೆ ಆರು ಪ್ಲೇಟು. ಬಾದಾಮಿ ಹಾಲು ಮೂರು. ಕಷಾಯ ಒಂದು. ಮೇಲೆ ಟ್ಯಾಕ್ಸು.

"ಹನ್ನೊಂದು ಕಾಫಿ! ನಾವಿರೋದು ಇಬ್ರು, ಅದೂ ರೂಮಿಗೆ ಬೀಗ ಹಾಕಿ ಹೋಗಿದ್ವಿ. ಬೀಗ ಕಾಫಿ ಕುಡೀತಾ? ನಮ್ಮ ರುಜು ಎಲ್ಲಿದೆ ತೋರ್ಸಿ."

"ನೀವು ಕುಡ್ದದ್ದು ಅಂತ ನಾನು ಹೇಳ್ಲಿಲ್ಲ ಮಾರಾಯ್ರೇ. ಬಂದವರು ಕುಡ್ದದ್ದು. ಕೂರ್ಸಿ ಆಸರಿಗೆ ಕೊಡಿ ಅಂತ ಹೇಳಿ ಹೋದದ್ದು ನೀವೇ ಅಲ್ವಾ?"

"ಅದು ಉಪಚಾರದ ಮಾತಲ್ವಾ?"

"ಉಪಚಾರದ ಮಾತಿಗೆ ಈ ಕಂಪ್ಯೂಟರಿನಲ್ಲಿ ಜಾಗ ಇಲ್ಲ ಮೇಡಂ. ಎಲ್ಲ ಸರ್ ಸ್ಟೂಡೆಂಟ್ಸ್ ಅಂತೆ. ಒಂದು ಗುಂಪು ಹೋದ ಮೇಲೆ ಇನ್ನೊಂದು."

ನಮ್ಮನೆಯವರ ಕಡೆ ನೋಡಿದೆ. ಅವರು ಗೋಡೆಯ ಮೇಲಿನ ಜೋಗದ ಚಿತ್ರವನ್ನು ಬಹಳ ಗಮನವಿಟ್ಟು ನೋಡುತ್ತಿದ್ದರು. ಹಿಂದೆ ಆರು ವರ್ಷ ಸಾಗರದ ಶಾಲೆಯಲ್ಲಿದ್ದವರು. ಹಳೇ ವಿದ್ಯಾರ್ಥಿಗಳ ವಾಟ್ಸಾಪ್ ಗುಂಪಿಗೆ ರೂಮ್ ನಂಬರು ಸಮೇತ ಹಾಕಿದ್ದಾರೆ!

"ನೋಡಿಕೊಂಡು ಹೋಗ್ಲಿ ಅಂತ ಹಾಕಿದ್ದೆ ಕಣೆ. ತಿಂದುಕೊಂಡು ಹೋಗ್ತಾರೆ ಅಂತ ಗೊತ್ತಿರ್ಲಿಲ್ಲ."

ಬಂದವರಲ್ಲಿ ಒಬ್ಬ ಹೆಂಗಸು ಇದ್ದಳಾ ಅಂತ ಕೇಳಲು ನಾಲಿಗೆಯ ತುದಿಗೆ ಬಂತು. ಕೇಳಲಿಲ್ಲ. ಇಲ್ಲ ಅಂದುಬಿಟ್ಟರೆ? ಕೇಳದೇ ಇದ್ದರೆ ಬಂದಿರಲೂಬಹುದು ಅನ್ನುವುದೊಂದು ಉಳಿಯುತ್ತದಲ್ಲ. ಆ ಸಂಕಟವೆಲ್ಲ ಹನ್ನೊಂದು ಕಾಫಿಯ ಮೇಲೆ ತಿರುಗಿತು. ಬರಬೇಕಾದವಳು ಬರಲಿಲ್ಲ, ಬೀಜಗಣಿತದಲ್ಲಿ ಫೇಲಾದವರೆಲ್ಲ ಬಂದು ಬಾದಾಮಿ ಹಾಲು ಕುಡಿದು ಹೋದರು! ರುಜು ಇಲ್ಲದೆ ಕೊಟ್ಟದ್ದು ನಿಮ್ಮ ತಪ್ಪು ಅಂದೆ. ಫೋನು ಮಾಡಿ ಒಂದು ಮಾತು ಕೇಳಬಹುದಿತ್ತು ಅಂದೆ. ನನ್ನ ದನಿ ಏರಿ, ಸೂಟ್‌ಕೇಸು ಹಿಡಿದು ನಿಂತಿದ್ದ ಇನ್ನೊಂದು ಸಂಸಾರ ನಮ್ಮ ಕಡೆ ತಿರುಗಿತು.

ಪ್ರಭಾಕರರು ವಾದ ಮಾಡಲಿಲ್ಲ. ಅದೇ ಕಷ್ಟವಾದದ್ದು. ಕನ್ನಡಕ ತೆಗೆದು ಒರೆಸಿ, "ರುಜು ಹಾಕ್ಸಿಕೊಳ್ಳದ್ದು ನನ್ನ ತಪ್ಪು ಹೌದು," ಅಂದರು. "ಅಡುಗೆಮನೆಯವರಿಗೆ ನಾನು ಉತ್ತರ ಹೇಳ್ತೇನೆ. ತೆಗೀತೇನೆ ಬಿಡಿ." ಕಟಕಟ ಒತ್ತಿದರು. ಹೊಸ ಬಿಲ್ಲು ಬಂತು. ಎಫ್ ಅಂಡ್ ಬಿ ಎದುರು ದೊಡ್ಡದೊಂದು ಸೊನ್ನೆ.

ಗೆದ್ದೆ. ಜೀವಮಾನದಲ್ಲಿ ಮೊದಲ ಸಲ ಹೋಟೆಲಿನವರ ಎದುರು ಗೆದ್ದೆ. ಬೀಗುತ್ತಾ ಪರ್ಸು ತೆರೆಯುತ್ತಿದ್ದಾಗ ಪ್ರಭಾಕರರು ನಿನ್ನೆಯ ಚೀಟಿಗಳನ್ನು ಕ್ಲಿಪ್ಪಿನಿಂದ ಬಿಡಿಸಿ ಬುಟ್ಟಿಗೆ ಹಾಕಲು ಹೊರಟರು. ಬರೆದ ಕಾಗದ ಓದದೆ ಬುಟ್ಟಿಗೆ ಹೋಗುವುದನ್ನು ನನ್ನಿಂದ ನೋಡಲಾಗುವುದಿಲ್ಲ. "ಕೊಡಿ ಇಲ್ಲಿ" ಅಂತ ಈಸಿಕೊಂಡೆ.

ಪುಣ್ಯಾತ್ಮ ನನ್ನ ಹಾಗೆಯೇ ಬರೆಯುವವರು. ಒಂದೊಂದು ಚೀಟಿಯಲ್ಲೂ ಹೊತ್ತು, ಯಾರು, ಏನು. "ಹತ್ತೂವರೆ, ಬ್ಯಾಂಕಿನವರು ಇಬ್ಬರು, ಸರ್ ಶಿಷ್ಯರು, ಕಾಫಿ." "ಹನ್ನೊಂದೂಕಾಲು, ಬೋಳುತಲೆಯವರು ಮತ್ತು ಸಂಗಡಿಗರು, ಗೋಳಿಬಜೆ." ಐದನೆಯ ಚೀಟಿ: "ಹನ್ನೆರಡರಿಂದ ಒಂದೂವರೆ. ಹೊಸನಗರದ ಅಮ್ಮ. ಒಬ್ಬರೇ. ಕಷಾಯ ಒಂದು."

ಆ ಚೀಟಿಯನ್ನು ಅವರ ಮುಂದೆ ಹಿಡಿದೆ. "ಇವರು... ಇವರು ಹೇಗಿದ್ರು?"

"ವಯಸ್ಸಾದವರು. ಆ ಕುರ್ಚಿಯಲ್ಲಿ ಕೂತಿದ್ರು. ಏನು ಕೊಡ್ಲಿ ಕೇಳಿದ್ರೆ ಏನೂ ಬೇಡ, ನನ್ನ ಹತ್ರ ನೀರುಂಟು ಅಂತ ಬಾಟ್ಲಿ ತೋರ್ಸಿದ್ರು. ನಾನು ಹೇಳಿದೆ, ಇದು ಹೋಟೆಲಿಂದಲ್ಲ ಅಮ್ಮ, ನೂರಾರನೇ ರೂಮಿನವರ ಲೆಕ್ಕ, ಬಂದವರನ್ನು ಹಾಗೇ ಕಳ್ಸಬೇಡಿ ಅಂತ ಹೇಳಿ ಹೋಗಿದ್ದಾರೆ ಅಂತ." ಪ್ರಭಾಕರರು ನೆನಪು ಮಾಡಿಕೊಂಡರು. "ಅವಳೇ ಹೇಳಿದ್ಲಾ, ಕೇಳಿದ್ರು. ಹೌದು ಅಂದೆ. ಬಾಯಾರೆ ಹೇಳಿದ್ಲಾ, ಫೋನಲ್ಲಾ, ಕೇಳಿದ್ರು. ಇಲ್ಲೇ ಎದುರಿಗೆ ನಿಂತು ಹೇಳಿದ್ದು ಅಂದೆ. ಬಾಟ್ಲಿಯನ್ನು ಬ್ಯಾಗಿಗೆ ಹಾಕಿದ್ರು. ಆಮೇಲೆ, ಹಾಗಾದ್ರೆ ಒಂದು ಕಷಾಯ ಕೊಡಿ ಅಂದ್ರು."

ನನ್ನ ನೀರು ಅಕ್ಕನ ಗಂಟಲಲ್ಲಿ ಇಳಿದಿದೆ. ನಾನು ಈಗಷ್ಟೇ ಜಗಳವಾಡಿ ಅದನ್ನು ಹೋಟೆಲಿನವರ ನೀರು ಮಾಡಿದ್ದೇನೆ!

"ಹಾಕಿ! ಮತ್ತೆ ಹಾಕಿ ಅದನ್ನ!"

"ಏನು ಹಾಕುದು ಮೇಡಂ?"

"ಕಷಾಯ! ಆ ಕಷಾಯ ನಂದು. ನನ್ನ ಲೆಕ್ಕಕ್ಕೆ ಹಾಕಿ."

"ಈಗಷ್ಟೇ ತೆಗ್ಸಿದ್ರಲ್ಲ! ಬಿಡಿ, ಒಂದು ಕಷಾಯ ನಮ್ಮ ಹೋಟೆಲಿಂದ ಅಂತ ಇಟ್ಕೊಳ್ಳಿ. ಟ್ಯಾಕ್ಸು ಸೇರಿ ನಲವತ್ತೆರಡು ರೂಪಾಯಿ."

"ಅಯ್ಯೋ, ಅದೇ ಆಗಬಾರದು ಅಂತ ನಾನು ಬಡ್ಕೊಳ್ತಿರೋದು!"

ಸೂಟ್‌ಕೇಸಿನ ಸಂಸಾರ ಈಗ ಪೂರ್ತಿ ನಮ್ಮ ಕಡೆಗೇ ತಿರುಗಿತ್ತು. ತೆಗೆದದ್ದನ್ನು ಮತ್ತೆ ಸೇರಿಸುವುದು ತನಗೆ ಬರುವುದಿಲ್ಲ ಅಂದರು ಪ್ರಭಾಕರರು. ಹಾಗಾದರೆ ಕೈಯಲ್ಲಿ ಬರೆದುಕೊಡಿ ಅಂದೆ. ಕೈಬಿಲ್ಲು ನಡೆಯುವುದಿಲ್ಲ ಅಂದರು. ನನ್ನ ಕಣ್ಣಲ್ಲಿ ನೀರು ಬಂದದ್ದು ಯಾವಾಗ ಅಂತ ಗೊತ್ತಿಲ್ಲ. ಆಗ ನಮ್ಮನೆಯವರು ಜೋಗವನ್ನು ಬಿಟ್ಟು ಈಚೆ ಬಂದರು. "ಎಲ್ಲಾ ಹಾಕಿ ಪ್ರಭಾಕರ್. ಹುಡುಗರು ಕುಡಿದಿದ್ದು ನನ್ನದು, ಕಷಾಯ ಇವಳದ್ದು. ಮೊದಲಿಂದ ಹೊಸದಾಗಿ ಬಿಲ್ಲು ಮಾಡಿ. ಎಷ್ಟು ಹೊತ್ತಾದ್ರೂ ಆಗ್ಲಿ, ಬಸ್ಸು ಇನ್ನೊಂದು ಬರತ್ತೆ." ಪ್ರಭಾಕರರು ಒಂದೊಂದಾಗಿ ಒತ್ತಿದರು. ಕೊನೆಯ ಸಾಲಿನಲ್ಲಿ ಕಷಾಯ ಒಂದು ಅಂತ ಬಿದ್ದ ಮೇಲೇ ನಾನು ಉಸಿರು ಬಿಟ್ಟದ್ದು. ಅವರಿಗೆ ಕೈಮುಗಿದೆ. "ನೀವು ಬಯ್ದದ್ದೂ ಅರ್ಥ ಆಗ್ಲಿಲ್ಲ, ಕೈಮುಗಿದದ್ದೂ ಅರ್ಥ ಆಗ್ಲಿಲ್ಲ, ಆದ್ರೂ ಮತ್ತೆ ಬನ್ನಿ" ಅಂದರು.

ಬಸ್‌ಸ್ಟ್ಯಾಂಡಿನಲ್ಲಿ ಹೊಸನಗರದ ಬಸ್ಸು ಹತ್ತಿದೆವು. "ಫೋನ್ ಮಾಡಿ ಹೋಗೋದಲ್ವಾ? ಮನೇಲಿ ಇಲ್ದಿದ್ರೆ?" ಅಂದರು ನಮ್ಮನೆಯವರು. "ಇಲ್ದಿದ್ರೆ ಜಗಲಿ ಮೇಲೆ ಕೂತಿರೋಣ. ಫೋನು ಮಾತ್ರ ಬೇಡ" ಅಂದೆ. ದಾರಿಯಲ್ಲಿ ಬಟ್ಟೆಮಲ್ಲಪ್ಪ ಅನ್ನುವ ಊರು ದಾಟುವವರೆಗೆ ಧೈರ್ಯ ಇತ್ತು. ಆಮೇಲೆ ಒಂದೊಂದೇ ಹುಳ ತಲೆಗೆ ಹೊಕ್ಕಿತು. ಹೊಸನಗರದಿಂದ ಬಾಟಲಿ ಹಿಡಿದು ಹೊರಡುವ ವಯಸ್ಸಾದ ಹೆಂಗಸು ಇನ್ನೊಬ್ಬರು ಇರಬಾರದೆ? ನಮ್ಮನೆಯವರ ಯಾವುದೋ ವಿದ್ಯಾರ್ಥಿಯ ತಾಯಿ ಇರಬಹುದು. ಅಕ್ಕನೇ ಆದರೂ, ಬಿಸಿಲಿಗೆ ಬಾಯಾರಿ ಒಂದು ಸಲ ಕುಡಿದಳು ಅಂದಮಾತ್ರಕ್ಕೆ ಏಳು ವರ್ಷ ಕರಗಿಬಿಡುತ್ತದೆಯೇ? ಒಂದೂವರೆ ಗಂಟೆ ಕಾಯಿಸಿದ್ದು ಹೊಸ ತಪ್ಪಾಗಿದ್ದರೆ?

ಗೇಟಿನ ಸದ್ದಿಗೆ ಅಕ್ಕ ಹೊರಗೆ ಬಂದಳು. ಸೆರಗಿಗೆ ಕೈ ಒರೆಸಿಕೊಳ್ಳುತ್ತಾ ನನ್ನನ್ನು ನೋಡಿದಳು, ಏನೂ ಆಗದ ಹಾಗೆ ನಮ್ಮನೆಯವರನ್ನು "ಮಂಡಿ ಹೇಗಿದೆ?" ಅಂತ ಮಾತಾಡಿಸಿದಳು. ನಾನು ಮೆಟ್ಟಿಲ ಕೆಳಗೇ ನಿಂತಿದ್ದೆ.

"ಎಷ್ಟು ಹಾಕಿದ್ರು ಕಷಾಯಕ್ಕೆ?" ಅಂದಳು, ನನ್ನ ಕಡೆ ನೋಡದೆ.

"ನಲವತ್ತು. ಮೇಲೆ ಎರಡು ಟ್ಯಾಕ್ಸು."

"ನಲವತ್ತೆರಡಾ! ಒಂದು ಲೋಟಕ್ಕೆ! ಬಾಯಿ ಮುಚ್ಕೊಂಡು ಕೊಟ್ಟು ಬಂದ್ಯಾ?"

ನಮ್ಮನೆಯವರು ಏನೋ ಹೇಳಲು ಹೊರಟರು. ಅವರ ಕಾಲು ತುಳಿದೆ.

"ಕೊಟ್ಟೆ ಅಕ್ಕಾ."

ಅಕ್ಕ ಒಂದು ಗಳಿಗೆ ನನ್ನ ಮುಖವನ್ನೇ ನೋಡಿದಳು. ಆಮೇಲೆ ಮೆಟ್ಟಿಲಿಳಿದು ಬಂದು ನನ್ನ ಕೈಯಿಂದ ಚೀಲ ತೆಗೆದುಕೊಂಡಳು. "ಅದರಲ್ಲಿ ಶುಂಠಿ ಇರ್ಲಿಲ್ಲ, ಜೀರಿಗೆ ಇರ್ಲಿಲ್ಲ, ಬರೀ ಬಿಸಿನೀರು ಕಣೆ ಕುಸುಮಾ," ಅಂದಳು. "ಆದ್ರೂ ತಳದವರೆಗೆ ಕುಡ್ದೆ."